ಎಂಟನೇ ಕೋಣೆಯ ಹುಡುಗಿ
(ಸಂಘದ ವಾರ್ಷಿಕ ಸಮಾರಂಭದಲ್ಲಿ ಮಾಡಿದ ಭಾಷಣದ ಬರಹ ರೂಪ)

 

ಕಾರ್ಯದರ್ಶಿಯವರು ನನಗೆ ಕೊಟ್ಟ ವಿಷಯ 'ಹೆಣ್ಣುಮಕ್ಕಳು ಮತ್ತು ತಾಲೀಮು'. ಈ ವಿಷಯದ ಮೇಲೆ ಇದೇ ವೇದಿಕೆಯಲ್ಲಿ ನನಗಿಂತ ತಿಳಿದವರು ಬಹಳ ಮಂದಿ ಮಾತನಾಡಿದ್ದಾರೆ. ಹೇಳಿದ್ದನ್ನೇ ಹೇಳಿ ನಿಮ್ಮ ಸಮಯ ತೆಗೆದುಕೊಳ್ಳುವುದಕ್ಕಿಂತ, ನಾನು ನೋಡಿದ ಒಂದು ಸಿನೆಮಾದ ವಿಷಯ ಹೇಳುತ್ತೇನೆ ಎಂದು ಅವರನ್ನು ಕೇಳಿಕೊಂಡೆ. ಸಿನೆಮಾ ಎಂದ ಕೂಡಲೇ ಅವರ ಮುಖ ಸ್ವಲ್ಪ ಬದಲಾಯಿತು. ಕಥೆ ಕೇಳಿದ ಮೇಲೆ ಒಪ್ಪಿದರು. ಅವರಿಗೆ ನನ್ನ ಶುಕ್ರಿಯಾ.

ಅದು ಕೊರಿಯಾ ದೇಶದ ಚಿತ್ರ. 2019ರ ಫೆಬ್ರವರಿ ಕೊನೆಯಲ್ಲಿ ತೆರೆಕಂಡಿತು. ಇಂಗ್ಲಿಷಿನಲ್ಲಿ ಅದರ ಹೆಸರು 'ಎ ರೆಸಿಸ್ಟೆನ್ಸ್'. ಕೊರಿಯನ್ ಹೆಸರಿನ ಅರ್ಥವೂ ಹೆಚ್ಚುಕಡಿಮೆ ಅದೇ, ಪ್ರತಿಭಟನೆ, ಎದುರು ನಿಲ್ಲುವುದು. ನಿರ್ದೇಶಕರು ಜೋ ಮಿನ್‌ಹೊ. ನಾಯಕಿಯ ಪಾತ್ರದಲ್ಲಿ ನಟಿಸಿದವರು ಗೊ ಆಸುಂಗ್. ಚಿತ್ರದ ವಸ್ತು ಯು ಗ್ವಾನ್‌ಸುನ್ ಎಂಬ ಒಬ್ಬ ವಿದ್ಯಾರ್ಥಿನಿಯ ಜೈಲುವಾಸ. 1920ರಲ್ಲಿ ಅವಳು ಜೈಲಿನಲ್ಲೇ ತೀರಿಕೊಂಡಾಗ ಅವಳಿಗೆ 17 ವರ್ಷ. ಇಲ್ಲಿ ಮುಂದಿನ ಸಾಲಿನಲ್ಲಿ ಕುಳಿತಿರುವ ಪಿಯುಸಿ ಹುಡುಗಿಯರ ವಯಸ್ಸು.

ರಜೆಯ ಒಂದು ದಿನ ನಮ್ಮ ಹತ್ತನೇ ತರಗತಿಯ ಹುಡುಗಿಯರನ್ನು ಕರೆಸಿ, ಗೋಡೆಗೆ ಬಿಳಿ ದುಪಟ್ಟಿ ಕಟ್ಟಿ, ಪ್ರೊಜೆಕ್ಟರ್ ಇಟ್ಟು ಇದನ್ನು ತೋರಿಸಿದೆ. ಜೈಲಿನ ಹಿಂಸೆಯ ಕೆಲವು ದೃಶ್ಯಗಳನ್ನು ಮುಂಚೆಯೇ ಗುರುತು ಮಾಡಿಕೊಂಡು ದಾಟಿಸಿದೆ. ಆ ವಯಸ್ಸಿನವರು ಅದನ್ನು ನೋಡಬೇಕಾಗಿಲ್ಲ, ದೊಡ್ಡವರಿಗೂ ಅಷ್ಟು ಹೊತ್ತು ತೋರಿಸಬೇಕಾಗಿರಲಿಲ್ಲ ಎಂದು ನನ್ನ ಅಭಿಪ್ರಾಯ. ಚಿತ್ರ ಮುಗಿದ ಮೇಲೆ ಯಾರೂ ಮಾತಾಡಲಿಲ್ಲ. ಕೊನೆಗೆ ಹಿಂದಿನ ಬೆಂಚಿನಿಂದ ಒಬ್ಬಳು ಎದ್ದು ನಿಂತು, "ಟೀಚರ್, ಅವಳು ಸುಮ್ಮನೆ ಇದ್ದಿದ್ದರೆ ಅವಳ ಅಪ್ಪ ಅಮ್ಮ ಬದುಕಿರುತ್ತಿದ್ದರಲ್ಲವೇ?" ಎಂದು ಕೇಳಿದಳು. ತಕ್ಷಣ ನನಗೆ ಉತ್ತರ ಹೊಳೆಯಲಿಲ್ಲ. ನೋಡಿ ಹೇಳುತ್ತೇನಮ್ಮಾ ಎಂದು ಕೂರಿಸಿದೆ. ಇವತ್ತಿನ ನನ್ನ ಮಾತು ಒಂದು ರೀತಿಯಲ್ಲಿ ಆ ಹುಡುಗಿಗೆ ಕೊಡಬೇಕಾಗಿದ್ದ ಉತ್ತರ.

ಮೊದಲು ಸ್ವಲ್ಪ ಇತಿಹಾಸ ಹೇಳಿಬಿಡುತ್ತೇನೆ. ಕೊರಿಯಾ ಎಂದರೆ ನಮ್ಮ ಮಕ್ಕಳಿಗೆ ಇವತ್ತು ಮೊಬೈಲ್, ಕಾರು ಮತ್ತು ಹಾಡು. ಆದರೆ ಅದು ಚೀನಾ ಮತ್ತು ಜಪಾನಿನ ನಡುವೆ ಸಿಕ್ಕಿಕೊಂಡು ಬಹಳ ಪಾಡುಪಟ್ಟ ನಾಡು. 1905ರಲ್ಲಿ ಜಪಾನ್ ಅದನ್ನು ತನ್ನ ರಕ್ಷಣೆಯ ಹೆಸರಿನಲ್ಲಿ ಹಿಡಿತಕ್ಕೆ ತೆಗೆದುಕೊಂಡಿತು. 1910ರಲ್ಲಿ ಪೂರ್ತಿಯಾಗಿ ನುಂಗಿತು. ಮುಂದಿನ ಒಂಬತ್ತು ವರ್ಷ ಮಿಲಿಟರಿ ಪೊಲೀಸರ ಆಳ್ವಿಕೆ. ಪತ್ರಿಕೆಗಳು ನಿಂತವು, ಸಭೆಗಳು ನಿಂತವು. ಭೂಮಿಯ ಸರ್ವೆ ಎಂಬ ಹೆಸರಿನಲ್ಲಿ ಎಷ್ಟೋ ರೈತರ ಜಮೀನು ಕೈಬಿಟ್ಟು ಹೋಯಿತು. ಒಬ್ಬ ಶಿಕ್ಷಕಿಯಾಗಿ ನನ್ನನ್ನು ಎಲ್ಲಕ್ಕಿಂತ ಹೆಚ್ಚು ಕಾಡಿದ ಸಂಗತಿ ಬೇರೆ. ಆ ಕಾಲದಲ್ಲಿ ಸರ್ಕಾರಿ ಪ್ರಾಥಮಿಕ ಶಾಲೆಯ ಮೇಷ್ಟ್ರು ಸಮವಸ್ತ್ರ ತೊಟ್ಟು, ಸೊಂಟಕ್ಕೆ ಕತ್ತಿ ಕಟ್ಟಿಕೊಂಡು ತರಗತಿಗೆ ಬರುತ್ತಿದ್ದರು. ಒಂದನೇ ತರಗತಿಯ ಮಗು ಅಕ್ಷರ ತಿದ್ದುತ್ತಾ ತಲೆ ಎತ್ತಿದರೆ ಕಣ್ಣಿಗೆ ಬೀಳುವುದು ಮೇಷ್ಟ್ರ ಕತ್ತಿ.

ಇಂಥ ಕಾಲದಲ್ಲಿ, 1902ರ ಡಿಸೆಂಬರ್ 16ರಂದು, ಸಿಯೋಲ್ ನಗರದ ದಕ್ಷಿಣಕ್ಕೆ ಚೊನಾನ್ ಎಂಬ ಊರಿನ ಹತ್ತಿರದ ಒಂದು ಹಳ್ಳಿಯಲ್ಲಿ ಗ್ವಾನ್‌ಸುನ್ ಹುಟ್ಟಿದಳು. ಮನೆಯವರು ಮೆಥೊಡಿಸ್ಟ್ ಕ್ರೈಸ್ತರು. ತಂದೆಗೆ ವಿದ್ಯೆಯ ಬಗ್ಗೆ ಬಹಳ ಆಸೆ, ಕೈಯಲ್ಲಿ ಕಾಸಿಲ್ಲ. ಆಲಿಸ್ ಶಾರ್ಪ್ ಎಂಬ ಅಮೆರಿಕನ್ ಮಿಷನರಿ ಮಹಿಳೆ ಈ ಹುಡುಗಿಯನ್ನು ಕಂಡು, ಸಿಯೋಲ್‌ನ ಇಹ್ವಾ ಶಾಲೆಗೆ ವಿದ್ಯಾರ್ಥಿವೇತನದ ಮೇಲೆ ಸೇರಿಸಲು ನೆರವಾದರು. ಇಹ್ವಾ 1886ರಲ್ಲಿ ಶುರುವಾದ ಹೆಣ್ಣುಮಕ್ಕಳ ಶಾಲೆ. ಹಳ್ಳಿಯ ಬಡ ಹುಡುಗಿ, ಹಾಸ್ಟೆಲ್ ವಾಸ, ಇನ್ನೊಬ್ಬರು ಕೊಟ್ಟ ಫೀಸು. ನಮ್ಮ ಸಂಘದ ವಿದ್ಯಾರ್ಥಿವೇತನದಿಂದ ಓದುತ್ತಿರುವ ಮಕ್ಕಳಿಗೆ ಈ ಬದುಕನ್ನು ವಿವರಿಸಿ ಹೇಳಬೇಕಾಗಿಲ್ಲ.

1919ರ ಜನವರಿಯಲ್ಲಿ ಕೊರಿಯಾದ ಹಿಂದಿನ ದೊರೆ ಗೊಜೊಂಗ್ ತೀರಿಕೊಂಡ. ಜಪಾನಿಯರೇ ವಿಷ ಹಾಕಿದರು ಎಂದು ಜನ ಆಡಿಕೊಂಡರು. ಮಹಾಯುದ್ಧ ಆಗ ತಾನೇ ಮುಗಿದಿತ್ತು. ಪ್ರತಿಯೊಂದು ಜನಾಂಗಕ್ಕೂ ತನ್ನ ಆಡಳಿತ ತಾನೇ ನಡೆಸಿಕೊಳ್ಳುವ ಹಕ್ಕಿದೆ ಎಂಬ ಅಮೆರಿಕದ ಅಧ್ಯಕ್ಷ ವಿಲ್ಸನ್ನರ ಮಾತು ಎಲ್ಲ ಕಡೆ ಹಬ್ಬಿತ್ತು. ಫೆಬ್ರವರಿ 8ರಂದು ಟೋಕಿಯೋದಲ್ಲಿ ಓದುತ್ತಿದ್ದ ಕೊರಿಯನ್ ವಿದ್ಯಾರ್ಥಿಗಳು ಸ್ವಾತಂತ್ರ್ಯದ ಘೋಷಣೆ ಹೊರಡಿಸಿದರು. ಅವರಲ್ಲಿ ಕಿಮ್ ಮರಿಯಾ ಎಂಬ ವಿದ್ಯಾರ್ಥಿನಿ ಆ ಕಾಗದಗಳನ್ನು ತನ್ನ ಜಪಾನಿ ಉಡುಪಿನ ಸೊಂಟಪಟ್ಟಿಯೊಳಗೆ ಅಡಗಿಸಿ ತಾಯ್ನಾಡಿಗೆ ತಂದಳು. ಮಾರ್ಚ್ 1ರಂದು ಸಿಯೋಲ್‌ನ ಪಗೋಡ ಪಾರ್ಕಿನಲ್ಲಿ ಸ್ವಾತಂತ್ರ್ಯ ಘೋಷಣೆಯನ್ನು ಓದಲಾಯಿತು. ಅದಕ್ಕೆ 33 ಮಂದಿ ಸಹಿ ಹಾಕಿದ್ದರು. 15 ಮಂದಿ ಚೊಂಡೊ ಎಂಬ ಅಲ್ಲಿನ ಧರ್ಮದವರು, 16 ಮಂದಿ ಕ್ರೈಸ್ತರು, ಇಬ್ಬರು ಬೌದ್ಧರು. ಮೂರು ಧರ್ಮದವರು ಒಂದೇ ಕಾಗದದ ಮೇಲೆ ಸಹಿ ಹಾಕಿದ್ದನ್ನು ನಮ್ಮ ಮಕ್ಕಳು ಗಮನಿಸಬೇಕು. ಬಂದೂಕಿಲ್ಲ, ಕಲ್ಲಿಲ್ಲ. ಕೈಯಲ್ಲಿ ಬಾವುಟ, ಬಾಯಲ್ಲಿ 'ಮಾನ್ಸೆ' ಎಂಬ ಒಂದೇ ಕೂಗು. ಹತ್ತು ಸಾವಿರ ವರ್ಷ ಬಾಳಲಿ ಎಂಬುದು ಅದರ ಶಬ್ದಾರ್ಥ. ನಮ್ಮ 'ಜಿಂದಾಬಾದ್' ಇದ್ದ ಹಾಗೆ.

ಇಹ್ವಾ ಶಾಲೆಯ ಗೇಟಿನಲ್ಲಿ ಆ ದಿನ ಏನಾಯಿತು ಎಂಬುದನ್ನು ಅಲ್ಲಿಯವರು ಇಂದಿಗೂ ಹೇಳುತ್ತಾರೆ. ಮುಖ್ಯೋಪಾಧ್ಯಾಯಿನಿ ಲೂಲು ಫ್ರೈ ಗೇಟಿಗೆ ಅಡ್ಡ ನಿಂತು ಯಾರೂ ಹೊರಗೆ ಹೋಗಬಾರದು ಎಂದು ತಡೆದರಂತೆ. ಗ್ವಾನ್‌ಸುನ್ ಮತ್ತು ಅವಳ ಗೆಳತಿಯರು ಹಿಂದಿನ ಗೋಡೆ ಹತ್ತಿ ಹೊರಗೆ ಹಾರಿದರಂತೆ. ವಿದ್ಯಾರ್ಥಿನಿಯರು ಈ ಭಾಗ ಕೇಳಿ ನಗುತ್ತಿದ್ದೀರಿ, ನಗಿ. ಆದರೆ ಒಂದು ಮಾತನ್ನು ನಾನು ಮುಚ್ಚುಮರೆಯಿಲ್ಲದೆ ಹೇಳಬೇಕು. ಆ ಜಾಗದಲ್ಲಿ ನಾನಿದ್ದಿದ್ದರೆ ಗೇಟಿಗೆ ಬೀಗ ಹಾಕುತ್ತಿದ್ದೆ. ಬೀದಿಯಲ್ಲಿ ಕುದುರೆ ಸವಾರರು, ಬಂದೂಕು. ಒಳಗೆ ನನ್ನ ಮೇಲೆ ನಂಬಿಕೆಯಿಟ್ಟು ಕಳಿಸಿದ ಇನ್ನೊಬ್ಬರ ಮಕ್ಕಳು. ಆ ತಾಯಿ ಹೇಡಿಯಲ್ಲ. ಹುಡುಗಿಯರೂ ತಪ್ಪು ಮಾಡಲಿಲ್ಲ. ಎರಡೂ ಸರಿಯಾಗಿರುವ ಗಳಿಗೆಗಳು ಇತಿಹಾಸದಲ್ಲಿ ಬರುತ್ತವೆ. ಅಂಥ ಗಳಿಗೆಯನ್ನು ಪರೀಕ್ಷೆಯಲ್ಲಿ ಎರಡು ಅಂಕದ ಪ್ರಶ್ನೆಯಾಗಿ ಕೇಳಲು ಬರುವುದಿಲ್ಲ.

ಮಾರ್ಚ್ 10ರಂದು ಸರ್ಕಾರ ಶಾಲೆಗಳನ್ನು ಮುಚ್ಚಿಸಿತು. ಮಕ್ಕಳು ತಮ್ಮ ತಮ್ಮ ಊರುಗಳಿಗೆ ಹೊರಟರು. ಸರ್ಕಾರ ಯೋಚಿಸದೆ ಹೋದದ್ದು ಇಷ್ಟೇ, ಸಿಯೋಲ್‌ನಲ್ಲಿ ನಡೆದದ್ದನ್ನು ಹಳ್ಳಿ ಹಳ್ಳಿಗೆ ಮುಟ್ಟಿಸಲು ಅದಕ್ಕಿಂತ ಒಳ್ಳೆಯ ದಾರಿ ಇರಲಿಲ್ಲ. ಗ್ವಾನ್‌ಸುನ್ ಊರಿಗೆ ಬಂದು ಸುಮ್ಮನೆ ಕೂರಲಿಲ್ಲ. ಸುತ್ತಲಿನ ಹಳ್ಳಿಗಳಿಗೆ ನಡೆದು, ಮನೆಮನೆಗೆ ಹೋಗಿ ಸುದ್ದಿ ಹೇಳಿದಳು. ಅವುನೆ ಎಂಬಲ್ಲಿ ಸಂತೆ ನಡೆಯುತ್ತಿತ್ತು. ಸಂತೆಯ ದಿನವಾದ ಏಪ್ರಿಲ್ 1ರಂದು ಸುಮಾರು 3000 ಜನ ಸೇರಿದರು. ಸಂತೆಯ ದಿನವನ್ನೇ ಆರಿಸಿದ್ದು ಜಾಣತನ. ಜನ ಸೇರುವುದಕ್ಕೆ ಯಾರ ಅಪ್ಪಣೆಯೂ ಬೇಕಾಗಿರಲಿಲ್ಲ. ಚೊ ಇನ್‌ವೊನ್ ಎಂಬ ಹಿರಿಯರು ಘೋಷಣೆಯನ್ನು ಓದಿದರು. ಜಪಾನಿ ಮಿಲಿಟರಿ ಪೊಲೀಸರು ಗುಂಡು ಹಾರಿಸಿದರು. 19 ಮಂದಿ ಸತ್ತರು. ಅವರಲ್ಲಿ ಇಬ್ಬರು ಗ್ವಾನ್‌ಸುನ್‌ಳ ತಂದೆ ಯು ಜುಂಗ್‌ಗ್ವೊನ್ ಮತ್ತು ತಾಯಿ ಯಿ ಸೊಜೆ.

ನಮ್ಮ ಹುಡುಗಿ ಕೇಳಿದ್ದು ಇದನ್ನೇ. ಅವಳು ಸುಮ್ಮನೆ ಇದ್ದಿದ್ದರೆ? ನಾನು ಮನೆಗೆ ಹೋಗಿ ಕೈಗೆ ಸಿಕ್ಕಿದ್ದನ್ನೆಲ್ಲ ಓದಿದೆ. ಓದಿದ ಮೇಲೆ ತಿಳಿದದ್ದೇನೆಂದರೆ, ಅವಳ ತಂದೆ ಮಗಳ ಹಿಂದೆ ಬಂದು ಸಿಕ್ಕಿಬಿದ್ದವರಲ್ಲ. ತಂದೆ, ಚಿಕ್ಕಪ್ಪ ಯು ಜುಂಗ್‌ಮು, ಚೊ ಇನ್‌ವೊನ್, ಇವರೆಲ್ಲ ಸೇರಿಯೇ ಆ ಸಂತೆಯ ಸಭೆಯನ್ನು ಏರ್ಪಡಿಸಿದ್ದರು. ಕೋರ್ಟು ಚಿಕ್ಕಪ್ಪನಿಗೂ ಚೊ ಇನ್‌ವೊನ್‌ಗೂ ಗ್ವಾನ್‌ಸುನ್‌ಳಿಗೆ ಕೊಟ್ಟಷ್ಟೇ ಶಿಕ್ಷೆ ಕೊಟ್ಟಿತು. ಅಂದರೆ ಮಗಳು ಅಪ್ಪ ಅಮ್ಮನನ್ನು ಅಪಾಯಕ್ಕೆ ಎಳೆದು ತಂದಳು ಎನ್ನುವುದು ಸರಿಯಲ್ಲ. ಅವರು ತಾವಾಗಿಯೇ ಅಲ್ಲಿ ನಿಂತಿದ್ದರು. ಕೊಂದದ್ದು ಮಗಳ ಕೂಗಲ್ಲ, ಪೊಲೀಸರ ಗುಂಡು. ಹಿಂದಿನ ಬೆಂಚಿನ ನನ್ನ ಹುಡುಗಿ ಇಲ್ಲೇ ಇದ್ದಾಳೆ. ಬೇಟಿ, ನಿನ್ನ ಪ್ರಶ್ನೆಗೆ ಇದು ಅರ್ಧ ಉತ್ತರ. ಇನ್ನರ್ಧ ನನ್ನ ಬಳಿ ಇಲ್ಲ. ಯಾಕೆಂದರೆ ಆ ಮಗಳು ಜೈಲಿನೊಳಗೆ ಕುಳಿತು ರಾತ್ರಿಯೆಲ್ಲಾ ತನ್ನನ್ನು ತಾನು ಇದೇ ಪ್ರಶ್ನೆ ಕೇಳಿಕೊಂಡಿರಬೇಕು. ಇತಿಹಾಸದ ಪುಸ್ತಕ ಎಷ್ಟೇ ಹೇಳಿದರೂ ಮಗಳ ಮನಸ್ಸಿಗೆ ಸಮಾಧಾನ ಆಗುವುದಿಲ್ಲ. ಹೊರಗೆ ಇಬ್ಬರು ಚಿಕ್ಕ ತಮ್ಮಂದಿರು ತಬ್ಬಲಿಗಳಾಗಿದ್ದರು. ಅಣ್ಣನೂ ಪ್ರತಿಭಟನೆಯಲ್ಲಿ ಭಾಗವಹಿಸಿ ಬಂಧಿತನಾಗಿದ್ದ.

ಗೊಂಗ್ಜು ಕೋರ್ಟು ಅವಳಿಗೆ ಐದು ವರ್ಷ ಶಿಕ್ಷೆ ವಿಧಿಸಿತು. ಸಿಯೋಲ್‌ನ ಮೇಲಿನ ಕೋರ್ಟು ಅದನ್ನು ಮೂರು ವರ್ಷಕ್ಕೆ ಇಳಿಸಿತು. ಅದಕ್ಕೂ ಮೇಲೆ ಹೋಗಲು ಅವಳು ಒಪ್ಪಲಿಲ್ಲ. ಆಮೇಲೆ ಸಿಯೋಡೆಮುನ್ ಜೈಲು, ಹೆಂಗಸರ ವಿಭಾಗ, ಎಂಟನೇ ನಂಬರಿನ ಕೋಣೆ.

ಸಿನೆಮಾ ಶುರುವಾಗುವುದು ಇಲ್ಲಿಂದ. ನಾನು ಇಷ್ಟು ಹೊತ್ತು ಹೇಳಿದ್ದೆಲ್ಲ ಚಿತ್ರದಲ್ಲಿ ತುಣುಕು ತುಣುಕಾಗಿ, ನೆನಪಾಗಿ ಬರುತ್ತದೆ. ನಿರ್ದೇಶಕರು ಒಂದು ಉಪಾಯ ಮಾಡಿದ್ದಾರೆ. ಜೈಲಿನ ಈಗಿನ ದಿನಗಳೆಲ್ಲ ಕಪ್ಪು ಬಿಳುಪು. ಹಿಂದಿನ ದಿನಗಳು, ಊರು, ಮನೆ, ಹೊಲ, ಎಲ್ಲವೂ ಬಣ್ಣದಲ್ಲಿ. ನಾವು ಸಾಮಾನ್ಯವಾಗಿ ನೋಡುವುದು ಇದರ ಉಲ್ಟಾ. ಹಳೆಯದನ್ನು ಕಪ್ಪು ಬಿಳುಪಿನಲ್ಲಿ ತೋರಿಸುವುದು ವಾಡಿಕೆ. ಮೊದಲ ಬಾರಿ ಬಣ್ಣ ಬಂದಾಗ ನಮ್ಮ ಹುಡುಗಿಯರು "ಯಾ ಅಲ್ಲಾಹ್" ಎಂದು ಉಸಿರುಬಿಟ್ಟದ್ದು ನನ್ನ ಕಿವಿಗೆ ಬಿತ್ತು. ಬಿಸಿಲು ಕೂಡ ಒಂದು ದೊಡ್ಡ ನಿಯಾಮತ್ ಎಂದು ಜೈಲಿನೊಳಗಿಂದ ನೋಡಿದರೆ ಗೊತ್ತಾಗುತ್ತದೆ.

ಆ ಎಂಟನೇ ಕೋಣೆಯ ಅಳತೆ ಕೇಳಿ. ಸುಮಾರು ಹತ್ತು ಚದರ ಮೀಟರ್. ನಮ್ಮ ಶಾಲೆಯ ಸ್ಟಾಫ್ ರೂಮಿಗಿಂತ ಚಿಕ್ಕದು. ಅದರಲ್ಲಿ 25 - 30 ಹೆಂಗಸರು. ಎಲ್ಲರೂ ಒಟ್ಟಿಗೆ ಮಲಗಲು ಜಾಗವಿಲ್ಲ, ಸರದಿಯ ಮೇಲೆ ಮಲಗಬೇಕು. ಒಂದೇ ಕಡೆ ನಿಂತರೆ ಕಾಲು ಊದಿಕೊಳ್ಳುತ್ತದೆ. ಅದಕ್ಕಾಗಿ ಎಲ್ಲರೂ ಕೋಣೆಯೊಳಗೆ ಸುತ್ತು ಹಾಕುತ್ತಾ ನಡೆಯುತ್ತಾರೆ. ಚಿತ್ರದಲ್ಲಿ ಈ ನಡಿಗೆ ಮತ್ತೆ ಮತ್ತೆ ಬರುತ್ತದೆ. ಒಂದು ಸಲ ಹಾಗೆ ನಡೆಯುತ್ತಾ ಮೆಲ್ಲನೆ ಒಂದು ಜನಪದ ಹಾಡನ್ನು ಗುನುಗುತ್ತಾರೆ. ಕಾವಲುಗಾರ ಗದರಿದ ಕೂಡಲೇ ಎಲ್ಲರೂ ಗಪ್‌ಚುಪ್. ಹೆಜ್ಜೆಯ ಸದ್ದು ಕೇಳಿದರೆ ಕಪ್ಪೆಗಳು ವಟಗುಟ್ಟುವುದನ್ನು ನಿಲ್ಲಿಸುತ್ತವಲ್ಲ, ಹಾಗೆ. ಆ ಹೋಲಿಕೆ ಅವರಲ್ಲೇ ಒಬ್ಬರ ಬಾಯಿಂದ ಬರುತ್ತದೆ. ಆಮೇಲೆ ತಾವು ಕಪ್ಪೆಗಳಲ್ಲ ಎಂಬ ಮಾತು ಬಾಯಿಂದ ಬಾಯಿಗೆ ಹಬ್ಬಿ ಇಡೀ ಕೋಣೆ ಕೂಗತೊಡಗುತ್ತದೆ. ಚಿತ್ರದಲ್ಲಿ ನನಗೆ ಎಲ್ಲಕ್ಕಿಂತ ಇಷ್ಟವಾದ ಭಾಗ ಇದು. ಧೈರ್ಯ ಎನ್ನುವುದು ಹುಟ್ಟಿನಿಂದ ಬಂದದ್ದಲ್ಲ, ಒಬ್ಬರಿಂದ ಒಬ್ಬರಿಗೆ ಅಂಟುತ್ತದೆ, ಭಯ ಅಂಟುವ ಹಾಗೆಯೇ.

ಆ ಕೋಣೆಯಲ್ಲಿ ಯಾರು ಯಾರಿದ್ದರು ಎಂಬುದನ್ನೂ ಹೇಳಬೇಕು. ಕೇಸೊಂಗ್ ಊರಿನ ಶಿಕ್ಷಕಿ ಕ್ವೊನ್ ಎರಾ ಇದ್ದರು. ಅದೇ ಊರಿನ ವಿಧವೆ ಒ ಯುನ್‌ಹಿ ಇದ್ದರು. ಘೋಷಣೆಯ ಕಾಗದಗಳು ಊರಿಗೆ ಬಂದಾಗ ಗಂಡಸರು ಹಂಚಲು ಹಿಂಜರಿದರು, ಆಗ ಈಕೆಯೇ ತೆಗೆದುಕೊಂಡು ಹೋಗಿ ಹಂಚಿದವರು. ಇಮ್ ಮ್ಯೊಂಗೆ ಎಂಬ ಬಸುರಿ ಹೆಂಗಸು ಇದ್ದರು. ಹೆರಿಗೆಯಾದ ಮೇಲೆ ಹಸುಗೂಸನ್ನು ಎತ್ತಿಕೊಂಡು ಅದೇ ಕೋಣೆಗೆ ಬಂದರು. ಚಳಿಗಾಲದಲ್ಲಿ ಮಗುವಿನ ಒದ್ದೆ ಬಟ್ಟೆ ಒಣಗುತ್ತಿರಲಿಲ್ಲ. ಗ್ವಾನ್‌ಸುನ್ ಆ ಬಟ್ಟೆಯನ್ನು ತನ್ನ ಮೈಗೆ ಸುತ್ತಿಕೊಂಡು ಮೈಯ ಕಾವಿನಲ್ಲಿ ಒಣಗಿಸುತ್ತಿದ್ದಳು ಎಂದು ಜೊತೆಗಿದ್ದವರು ನೆನಪು ಮಾಡಿಕೊಂಡಿದ್ದಾರೆ. ಘೋಷಣೆ ಕೂಗುವುದು ಒಂದು ದಿನದ ಕೆಲಸ. ಇನ್ನೊಬ್ಬರ ಮಗುವಿನ ಒದ್ದೆ ಬಟ್ಟೆಯನ್ನು ಚಳಿಯಲ್ಲಿ ಮೈಗೆ ಸುತ್ತಿಕೊಳ್ಳುವುದು ದಿನಾ ಮಾಡಬೇಕಾದ ಕೆಲಸ.

ಕಿಮ್ ಹ್ಯಾಂಗ್‌ಹ್ವಾ ಎಂಬ ಇನ್ನೊಬ್ಬಳಿದ್ದಳು. ಅವಳು ಸುವೊನ್ ಊರಿನವಳು, ಹಾಡು ಕುಣಿತದ ವೃತ್ತಿಯವಳು. ಉರ್ದು ಸಾಹಿತ್ಯ ಓದಿದವರಿಗೆ ತವಾಯಫ್ ಎಂದರೆ ಹತ್ತಿರದ ಅರ್ಥ ಹೊಳೆಯಬಹುದು. ಹಿರಿಯರು ಕ್ಷಮಿಸಬೇಕು, ಈ ಹೆಸರನ್ನು ಬಿಟ್ಟು ಮುಂದೆ ಹೋಗಲು ನನಗೆ ಮನಸ್ಸಾಗಲಿಲ್ಲ. ಸರ್ಕಾರ ಆ ಹೆಂಗಸರನ್ನು ಕಡ್ಡಾಯ ವೈದ್ಯಕೀಯ ತಪಾಸಣೆಗೆ ಕರೆಯುತ್ತಿತ್ತು. 1919ರ ಮಾರ್ಚ್ 29ರಂದು ತಪಾಸಣೆಗೆ ಹೋಗುವ ದಾರಿಯಲ್ಲಿ ಸುಮಾರು 30 ಮಂದಿ ಪೊಲೀಸ್ ಠಾಣೆಯ ಮುಂದೆ ನಿಂತು 'ಮಾನ್ಸೆ' ಕೂಗಿದರು. ಮುಂದಾಳು ಈ ಹ್ಯಾಂಗ್‌ಹ್ವಾ. ಶಾಲೆಯ ಹುಡುಗಿ, ಟೀಚರು, ವಿಧವೆ, ಬಾಣಂತಿ, ಕುಣಿಯುವವಳು, ಎಲ್ಲರೂ ಒಂದೇ ಕೋಣೆಯಲ್ಲಿ ಸುತ್ತು ಹಾಕುತ್ತಾರೆ. ಹೊರಗೆ ಇದ್ದಿದ್ದರೆ ಇವರು ಒಂದೇ ಚಾಪೆಯ ಮೇಲೆ ಕೂರುತ್ತಿರಲಿಲ್ಲ.

ಚಿತ್ರದಲ್ಲಿ ನಿಷಿದಾ ಎಂಬ ಒಬ್ಬ ಅಧಿಕಾರಿ ಬರುತ್ತಾನೆ. ಹುಟ್ಟಿದ್ದು ಕೊರಿಯನ್ ಆಗಿ, ಇಟ್ಟುಕೊಂಡದ್ದು ಜಪಾನಿ ಹೆಸರು. ಜಪಾನಿಯರಿಗಿಂತ ಹೆಚ್ಚು ಹೊಡೆಯುವವನು ಅವನೇ. ಹುಡುಗಿಯರಿಗೆ ಅವನ ಮೇಲೆ ಬಂದಷ್ಟು ಸಿಟ್ಟು ಜಪಾನಿಯರ ಮೇಲೆ ಬರಲಿಲ್ಲ. ಅವನು ಒಳ್ಳೆಯವನಲ್ಲ, ಸರಿ. ಆದರೆ ತರಗತಿಯಲ್ಲಿ ಚರ್ಚೆ ಮಾಡಲು ಅವನಷ್ಟು ಉಪಯೋಗದ ಪಾತ್ರ ಮತ್ತೊಂದಿಲ್ಲ. ಸಂಬಳಕ್ಕಾಗಿ, ಬಡ್ತಿಗಾಗಿ, ಮೇಲಿನವರ ಒಂದು ಶಾಬಾಸ್‌ಗಾಗಿ ಮನುಷ್ಯ ತನ್ನ ಹೆಸರನ್ನೂ ಬಿಟ್ಟುಕೊಡುತ್ತಾನೆ. ಅಂಥವನಿಗೆ ಹೆಸರು ಬಿಟ್ಟುಕೊಡದ ಹುಡುಗಿಯ ಮುಖ ನೋಡಲು ಆಗುವುದಿಲ್ಲ.

1920ರ ಮಾರ್ಚ್ 1. ಒಂದು ವರ್ಷ ತುಂಬಿದ ದಿನ. ಗೋಡೆಯೊಳಗೆ ದಿನಾಂಕ ಲೆಕ್ಕ ಇಟ್ಟುಕೊಂಡು ಎಂಟನೇ ಕೋಣೆಯಿಂದ ಗ್ವಾನ್‌ಸುನ್ ಕೂಗು ಎಬ್ಬಿಸುತ್ತಾಳೆ. ಅದು ಕೋಣೆಯಿಂದ ಕೋಣೆಗೆ ಹೋಗುತ್ತದೆ. ಇದು ನಡೆದ ಘಟನೆ, ಕತೆಗಾರರ ಕಲ್ಪನೆಯಲ್ಲ. ಇದಕ್ಕಾಗಿ ಅವಳು ಪಟ್ಟ ಹಿಂಸೆಯೇ ಅವಳ ಪ್ರಾಣ ತೆಗೆಯಿತು. ಏಪ್ರಿಲ್‌ನಲ್ಲಿ ಕೊರಿಯಾದ ರಾಜಕುಮಾರನಿಗೂ ಜಪಾನಿನ ರಾಜವಂಶದ ಹುಡುಗಿಗೂ ಮದುವೆಯಾಯಿತು. ಆ ಸಂತೋಷಕ್ಕೆ ಕೈದಿಗಳ ಶಿಕ್ಷೆ ಕಡಿಮೆ ಮಾಡಿದರು. ಇವಳ ಮೂರು ವರ್ಷ ಒಂದೂವರೆ ವರ್ಷಕ್ಕೆ ಇಳಿಯಿತು. ಸೆಪ್ಟೆಂಬರ್ 28ರಂದು ಅವಳು ತೀರಿಕೊಂಡಳು. ಬಿಡುಗಡೆಗೆ ಎರಡೇ ದಿನ ಉಳಿದಿತ್ತು ಎಂದು ಚಿತ್ರ ಹೇಳುತ್ತದೆ.

ಮಹನೀಯರೇ, ಇಲ್ಲಿ ಒಂದು ಮಾತಿಗೆ ಸ್ವಲ್ಪ ನಿಲ್ಲುತ್ತೇನೆ. ಅವಳು ಸತ್ತ ಮೇಲೆ, ಅದರಲ್ಲೂ 1945ರಲ್ಲಿ ಕೊರಿಯಾ ಬಿಡುಗಡೆಯಾದ ಮೇಲೆ, ಅವಳ ಬಗ್ಗೆ ಕಥೆಗಳು ಬೆಳೆದವು. ಶಿಕ್ಷೆ ಏಳು ವರ್ಷ ಎಂದು ಬರೆದರು. ಕೋರ್ಟಿನ ಕಾಗದ ನೋಡಿದರೆ ಮೂರು. ಅವಳ ದೇಹವನ್ನು ಜೈಲಿನವರು ತುಂಡು ತುಂಡು ಮಾಡಿದ್ದರು ಎಂದು ಪ್ರಚಾರವಾಯಿತು. ಇಹ್ವಾ ಶಾಲೆಯ ಜೀನೆಟ್ ವಾಲ್ಟರ್ ಎಂಬ ಅಮೆರಿಕನ್ ಶಿಕ್ಷಕಿ ಆ ದೇಹಕ್ಕೆ ತಾವೇ ಬಟ್ಟೆ ತೊಡಿಸಿದ್ದರು. ಹಾಗೆ ಆಗಿರಲಿಲ್ಲ, ದೇಹ ಇಡಿಯಾಗಿಯೇ ಇತ್ತು ಎಂದು ಅವರು ಸ್ಪಷ್ಟವಾಗಿ ಹೇಳಿದ್ದಾರೆ. ಹುಟ್ಟಿದ ವರ್ಷವನ್ನೇ 1904 ಎಂದು ಬಹಳ ಕಾಲ ಬರೆಯುತ್ತಿದ್ದರು.

ಹದೀಸ್ ಸಂಗ್ರಹಿಸಿದ ನಮ್ಮ ಹಿರಿಯ ವಿದ್ವಾಂಸರು ಒಂದು ರಿವಾಯತ್ ಕೈಗೆ ಸಿಕ್ಕಿದರೆ ಯಾರಿಂದ ಯಾರು ಕೇಳಿದರು, ಕೇಳಿದವರ ನೆನಪು ಹೇಗಿತ್ತು, ನಡತೆ ಹೇಗಿತ್ತು ಎಂದು ತಹಕೀಕ್ ಮಾಡದೆ ಬರೆದುಕೊಳ್ಳುತ್ತಿರಲಿಲ್ಲ. ಅಂಥವರ ವಾರಸುದಾರರಾದ ನಾವು ಇವತ್ತು ಮೊಬೈಲಿಗೆ ಬಂದದ್ದನ್ನು ಓದಿ ಮುಗಿಸುವ ಮೊದಲೇ ಮುಂದಕ್ಕೆ ಕಳಿಸುತ್ತೇವೆ. ಶಹೀದರ ಬಗ್ಗೆ ಒಳ್ಳೆಯದನ್ನೇ ಹೇಳುತ್ತಿದ್ದೇವಲ್ಲ, ಸ್ವಲ್ಪ ಹೆಚ್ಚಾದರೆ ಏನಾಯಿತು ಎಂದು ಕೆಲವರು ಕೇಳುತ್ತಾರೆ. ಏನಾಗುತ್ತದೆ ಎಂದರೆ, ಹೆಚ್ಚಾಗಿ ಹೇಳಿದ್ದು ಸುಳ್ಳೆಂದು ಒಂದು ದಿನ ಹೊರಬರುತ್ತದೆ. ಆ ದಿನ ನಿಜವಾಗಿ ನಡೆದದ್ದನ್ನೂ ಜನ ನಂಬುವುದಿಲ್ಲ. ಹತ್ತು ಚದರ ಮೀಟರಿನ ಕೋಣೆ, ಒದ್ದೆ ಬಟ್ಟೆ, ಮಾರ್ಚ್ 1ರ ಕೂಗು, ಇಷ್ಟು ಸಾಲದೆ? ಈ ಚಿತ್ರವನ್ನು ನಾನು ಮೆಚ್ಚಿಕೊಂಡದ್ದು ಈ ಕಾರಣಕ್ಕೆ. ಅದೂ ಕೆಲವು ಕಡೆ ಸ್ವಾತಂತ್ರ್ಯ ತೆಗೆದುಕೊಂಡಿದೆ. ಆದರೆ ಆ ಹುಡುಗಿಯನ್ನು ಮೂರ್ತಿ ಮಾಡಿ ಎತ್ತರದಲ್ಲಿ ಕೂರಿಸಿಲ್ಲ. ಅವಳಿಗೆ ಹಸಿವಾಗುತ್ತದೆ, ಹೆದರಿಕೆಯಾಗುತ್ತದೆ.

ಸತ್ತವರ ಲೆಕ್ಕವೂ ಹೀಗೇ. 1919ರ ಆ ಚಳವಳಿಯಲ್ಲಿ ಸತ್ತವರು 553 ಎಂದು ಜಪಾನಿ ಅಧಿಕಾರಿಗಳು ಬರೆದರು. ಪಾರ್ಕ್ ಉನ್‌ಸಿಕ್ ಎಂಬ ಕೊರಿಯನ್ ಇತಿಹಾಸಕಾರರು 7500ಕ್ಕೂ ಹೆಚ್ಚು ಎಂದರು. ಅದೇ ವರ್ಷ, ಅವುನೆ ಸಂತೆಯ ಹನ್ನೆರಡು ದಿನಗಳ ನಂತರ, ಏಪ್ರಿಲ್ 13ರಂದು ನಮ್ಮ ಅಮೃತಸರದ ಜಲಿಯನ್‌ವಾಲಾಬಾಗ್‌ನಲ್ಲಿ ಗುಂಡು ಹಾರಿತು. ಅಲ್ಲಿಯೂ ಸರ್ಕಾರದ ಲೆಕ್ಕ 379, ಕಾಂಗ್ರೆಸ್ಸಿನ ಲೆಕ್ಕ ಸಾವಿರದ ಹತ್ತಿರ. ಗುಂಡು ಹಾರಿಸಿದವರ ಲೆಕ್ಕಕ್ಕೂ ಹೆಣ ಹೊತ್ತವರ ಲೆಕ್ಕಕ್ಕೂ ಎಲ್ಲ ದೇಶಗಳಲ್ಲೂ ಇಷ್ಟು ಅಂತರ ಇರುತ್ತದೆ. ಅದೇ ವರ್ಷದಲ್ಲಿ ನಮ್ಮಲ್ಲಿ ಖಿಲಾಫತ್ ಚಳವಳಿಯೂ ಶುರುವಾಯಿತು. ಅಲಿ ಸಹೋದರರ ವೃದ್ಧ ತಾಯಿ ಬೀ ಅಮ್ಮಾ ಊರೂರು ಸುತ್ತಿ ಸಭೆಗಳಲ್ಲಿ ಮಾತನಾಡಿದ್ದು ಆ ಚಳವಳಿಯ ಕಾಲದಲ್ಲೇ. ಕೊರಿಯಾದ ಹೆಣ್ಣುಮಕ್ಕಳ ಸುದ್ದಿ ಭಾರತಕ್ಕೆ ಬಾರದೆ ಇರಲಿಲ್ಲ. ಜವಾಹರಲಾಲ್ ನೆಹರೂ 1932ರ ಕೊನೆಯಲ್ಲಿ ಜೈಲಿನಿಂದ ಮಗಳು ಇಂದಿರೆಗೆ ಬರೆದ ಒಂದು ಪತ್ರದಲ್ಲಿ ಕೊರಿಯಾದ ಹೋರಾಟದ ವಿಷಯ ಹೇಳುತ್ತಾ, ಆಗ ತಾನೇ ಕಾಲೇಜು ಮುಗಿಸಿದ ಹುಡುಗಿಯರು ಅದರಲ್ಲಿ ಮುಂದೆ ಇದ್ದರು ಎಂಬುದನ್ನು ಮಗಳ ಗಮನಕ್ಕೆ ತಂದಿದ್ದಾರೆ. ಒಬ್ಬ ತಂದೆ ಜೈಲಿನಲ್ಲಿ ಕುಳಿತು ತನ್ನ ಮಗಳಿಗೆ ದೂರದ ಹುಡುಗಿಯರ ಕತೆ ಹೇಳುತ್ತಾನೆ. ನಾನೀಗ ಮಾಡುತ್ತಿರುವುದೂ ಹೆಚ್ಚುಕಡಿಮೆ ಅದೇ.

ಚಿತ್ರ ತೋರಿಸಿದ ಮಾರನೆಯ ದಿನ ಒಬ್ಬ ತಾಯಿ ನನ್ನನ್ನು ನೋಡಲು ಬಂದರು. "ಟೀಚರಮ್ಮಾ, ನಮ್ಮ ಹುಡುಗಿ ಓದಿ ಒಂದು ನೌಕರಿ ಹಿಡಿದರೆ ಸಾಕು. ಗೋಡೆ ಹಾರುವುದನ್ನು ಯಾಕೆ ಕಲಿಸುತ್ತೀರಿ?" ಎಂದರು. ನನಗೆ ಅವರ ಮೇಲೆ ಸಿಟ್ಟು ಬರಲಿಲ್ಲ. ಬೀಗ ಹಾಕುತ್ತಿದ್ದೆ ಎಂದು ಈಗಷ್ಟೇ ಹೇಳಿದವಳು ನಾನು. ಅವರಿಗೆ ನಾನು ಹೇಳಿದ್ದು ಇಷ್ಟು: ಆಪಾ, ಗೋಡೆ ಹಾರಿ ಎಂದು ನಾನು ಯಾರಿಗೂ ಹೇಳುವುದಿಲ್ಲ. ನಮ್ಮ ಹುಡುಗಿಯರಿಗೆ ಈಗ ಆ ಗೋಡೆ ಇಲ್ಲ. ಇರುವುದು ಬೇರೆ ಗೋಡೆ. ಹತ್ತನೇ ತರಗತಿ ಆದ ಮೇಲೆ ಸಾಕು ಎನ್ನುವ ಗೋಡೆ, ಬಸ್ಸಿನಲ್ಲಿ ಕಾಲೇಜಿಗೆ ಹೋಗುವುದು ಬೇಡ ಎನ್ನುವ ಗೋಡೆ. ಅದನ್ನು ಹಾರಬೇಕಾಗಿಲ್ಲ, ನಾವೇ ದೊಡ್ಡವರು ಸ್ವಲ್ಪ ತಗ್ಗಿಸಿದರೆ ಅವರು ದಾಟಿಕೊಳ್ಳುತ್ತಾರೆ. ಅವರು ಏನೂ ಹೇಳದೆ ಹೋದರು. ಮಗಳು ಮಾತ್ರ ಈಗ ಪಿಯುಸಿಗೆ ಬರುತ್ತಿದ್ದಾಳೆ. ನನ್ನ ಮಾತಿನಿಂದ ಎಂದು ನಾನು ಹೇಳಿಕೊಳ್ಳುವುದಿಲ್ಲ, ಅವಳಿಗೆ ಅಂಕ ಚೆನ್ನಾಗಿ ಬಂದಿತ್ತು.

ಕೊನೆಯದಾಗಿ ಇಹ್ವಾ ಶಾಲೆಯ ವಿಷಯ. ಗೇಟಿಗೆ ಅಡ್ಡ ನಿಂತು ಹೋಗಬೇಡಿ ಎಂದ ಅದೇ ಶಾಲೆಯವರು, ಹುಡುಗಿ ಜೈಲಿನಲ್ಲಿ ಸತ್ತಳು ಎಂದು ತಿಳಿದಾಗ ದೇಹವನ್ನು ನಮಗೆ ಕೊಡಿ ಎಂದು ಹೋಗಿ ಕೇಳಿದರು. ಕೊಡಲು ಜೈಲಿನವರಿಗೆ ಇಷ್ಟವಿರಲಿಲ್ಲ. ಇವರು ಬಿಡಲಿಲ್ಲ. ತಂದರು, ಬಟ್ಟೆ ತೊಡಿಸಿದರು, ಪ್ರಾರ್ಥನೆ ಮಾಡಿ ಇತೆವೊನ್ ಎಂಬಲ್ಲಿ ಮಣ್ಣು ಮಾಡಿದರು. ಮುಂದೆ ಆ ಸ್ಮಶಾನವನ್ನು ತೆರವು ಮಾಡಿದಾಗ ಅವಳ ಸಮಾಧಿ ಗುರುತಿಲ್ಲದೆ ಹೋಯಿತು. ಈಗ ಅವಳ ಊರಿನ ಗುಡ್ಡದಲ್ಲಿರುವುದು ಖಾಲಿ ಸಮಾಧಿ. ಸರ್ಕಾರ 1962ರಲ್ಲಿ ಪದಕ ಕೊಟ್ಟಿತು, 2019ರಲ್ಲಿ ಅದಕ್ಕಿಂತ ದೊಡ್ಡ ಪದಕ ಕೊಟ್ಟಿತು. ಶಾಲೆಯೂ 1996ರಲ್ಲಿ ಒಂದು ಕಾಗದ ಕೊಟ್ಟಿತು. ಗ್ವಾನ್‌ಸುನ್ ಎಂಬ ವಿದ್ಯಾರ್ಥಿನಿ ನಮ್ಮಲ್ಲಿ ಓದು ಮುಗಿಸಿದ್ದಾಳೆ ಎಂಬ ಗೌರವದ ಸರ್ಟಿಫಿಕೇಟ್. ಅವಳು ಸತ್ತು 76 ವರ್ಷಗಳಾಗಿದ್ದವು.

ಜೈಲಿನ ಕಾರ್ಡಿನಲ್ಲಿ ಅವಳ ಒಂದು ಫೋಟೋ ಉಳಿದಿದೆ. ಅದನ್ನು ಪ್ರಿಂಟ್ ಮಾಡಿಸಿ ತಂದಿದ್ದೇನೆ, ಹೊರಗಡೆ ಟೇಬಲ್ ಮೇಲೆ ಇಟ್ಟಿದ್ದೇನೆ. ಮುಖ ಊದಿಕೊಂಡಿದೆ, ನೇರವಾಗಿ ಕ್ಯಾಮೆರಾ ನೋಡುತ್ತಿದ್ದಾಳೆ. ಪಕ್ಕದಲ್ಲಿ ಅವಳ ಜೊತೆಗಿದ್ದವರ ಹೆಸರುಗಳನ್ನು ನಮ್ಮ ಹತ್ತನೇ ತರಗತಿಯ ಹುಡುಗಿಯರು ಕನ್ನಡದಲ್ಲಿಯೂ ಉರ್ದುವಿನಲ್ಲಿಯೂ ಬರೆದು ಅಂಟಿಸಿದ್ದಾರೆ. ಕೊರಿಯನ್ ಹೆಸರುಗಳು ಉರ್ದು ಲಿಪಿಯಲ್ಲಿ ಸರಿಯಾಗಿ ಕೂರಲಿಲ್ಲ, ತಪ್ಪಿದ್ದರೆ ತಪ್ಪು ನನ್ನದು. ಊಟಕ್ಕೆ ಹೋಗುವ ಮುಂಚೆ ದಯವಿಟ್ಟು ನೋಡಿ. ಅಧ್ಯಕ್ಷರು ಗಡಿಯಾರ ನೋಡುತ್ತಿದ್ದಾರೆ, ಮಗ್ರಿಬ್‌ನ ಸಮಯವೂ ಹತ್ತಿರವಾಯಿತು.